ಬೆಣ್ಣೆ ಆಫ್ರಿಕಾದ್ದು, ಡಬ್ಬಿ ಯಾರದ್ದು?

ಮೈಗೆ ಹಚ್ಚಿಕೊಳ್ಳುವುದನ್ನು ಬಾಯಿಗೂ ಹಾಕಿಕೊಳ್ಳಬಹುದು ಎಂಬ ಭರವಸೆಯ ಮೇಲೆ ವಯಲೆಟ್ ಅಮೊಆಬೆಂಗ್ ತಮ್ಮ ವ್ಯಾಪಾರ ಕಟ್ಟಿದರು. ಘಾನಾದ ರಾಜಧಾನಿ ಅಕ್ರಾದಲ್ಲಿ 2014ರಲ್ಲಿ ತೀರಾ ಸಣ್ಣ ಮೊತ್ತದಿಂದ ಶುರುವಾದ ಅವರ ‘ಸ್ಕಿನ್ ಗೂರ್ಮೆ’ಯ ಡಬ್ಬಿಗಳಲ್ಲಿ ಇರುವುದು ಶಿಯಾ ಬೆಣ್ಣೆ (ಆಫ್ರಿಕಾದ ಶಿಯಾ ಮರದ ಬೀಜದಿಂದ ತೆಗೆದ ಕೊಬ್ಬು), ಕೊಕೊ ಬೆಣ್ಣೆ, ತೆಂಗಿನೆಣ್ಣೆ, ಜೇನಿನಂಥ ವಸ್ತುಗಳು. ತಿನ್ನಲು ಬಾರದ್ದು ಚರ್ಮಕ್ಕೂ ಬೇಡ ಎನ್ನುವ ಧಾಟಿ ಅವರದು. ಕೇಳಿದವರು ಇದೊಂದು ಜಾಣ ಜಾಹೀರಾತು ಎಂದು ತಲೆದೂಗಿ ಮುಂದೆ ಹೋಗಬಹುದು. ನನಗೆ ಅದರಲ್ಲಿ ಜಾಹೀರಾತಿಗಿಂತ ಹೆಚ್ಚಾಗಿ ಕಾರ್ಖಾನೆಯ ಲೆಕ್ಕಾಚಾರ ಕಾಣುತ್ತದೆ.

ಬರೀ ಎಣ್ಣೆ, ಬೆಣ್ಣೆ, ಮೇಣಗಳಿಂದ ಮಾಡಿದ ಮುಲಾಮಿನಲ್ಲಿ ನೀರಿರುವುದಿಲ್ಲ. ನೀರಿಲ್ಲದ ಕಡೆ ಬ್ಯಾಕ್ಟೀರಿಯಾ ಬೆಳೆಯುವುದಿಲ್ಲ, ಬೂಷ್ಟು ಹಿಡಿಯುವುದಿಲ್ಲ. ಹಾಗಾಗಿ ಕೆಡದಂತೆ ಕಾಯುವ ರಾಸಾಯನಿಕವೂ ಬೇಕಾಗುವುದಿಲ್ಲ. ನಾವು ಅಂಗಡಿಯಲ್ಲಿ ಕೊಳ್ಳುವ ಲೋಷನ್ನಿನ ಕಥೆ ಬೇರೆ. ಅದರಲ್ಲಿ ಬಹುಪಾಲು ನೀರೇ. ನೀರು ಮತ್ತು ಜಿಡ್ಡು ಒಂದನ್ನೊಂದು ಬಿಟ್ಟು ಹೋಗದಂತೆ ಹಿಡಿದಿಡಲು ಒಂದು ವಸ್ತು, ಸೂಕ್ಷ್ಮಜೀವಿಗಳನ್ನು ತಡೆಯಲು ಇನ್ನೊಂದು, ಇವೆರಡೂ ಬಿಸಿಲಲ್ಲಿ, ಚಳಿಯಲ್ಲಿ, ಲಾರಿಯ ಕುಲುಕಾಟದಲ್ಲಿ ಎಷ್ಟು ದಿನ ತಾಳುತ್ತವೆ ಎಂದು ತಿಂಗಳುಗಟ್ಟಲೆ ನೋಡಲು ಪ್ರಯೋಗಾಲಯ. ದೊಡ್ಡ ಕಂಪನಿಗಳಿಗೆ ಇದು ನೀರು ಕುಡಿದಷ್ಟು ಸುಲಭ. ನೀರು ಮಾರಿದಷ್ಟು ಲಾಭದಾಯಕವೂ ಹೌದು. ಪ್ರಯೋಗಾಲಯವಿಲ್ಲದವರು ನೀರನ್ನು ಮುಟ್ಟದಿರುವುದೇ ಕ್ಷೇಮ. ಘಾನಾದಲ್ಲೇ 2010ರಲ್ಲಿ ವ್ಯಾಲೆರಿ ಒಬಾಜೆ ಕಟ್ಟಿದ ‘ಆರ್ ಆ್ಯಂಡ್ ಆರ್ ಲಕ್ಷುರಿ’ ಕೂಡ ಹೆಸರು ಮಾಡಿದ್ದು ಶಿಯಾ ಎಣ್ಣೆಯಿಂದ. ಪಶ್ಚಿಮ ಆಫ್ರಿಕಾದ ಹೊಸ ನೈಸರ್ಗಿಕ ಬ್ರ್ಯಾಂಡುಗಳ ಪಟ್ಟಿ ತೆಗೆದರೆ ಬೆಣ್ಣೆ, ಎಣ್ಣೆ, ಸಾಬೂನು, ಮತ್ತೆ ಬೆಣ್ಣೆ. ಸಂಪ್ರದಾಯದ ಮೇಲಿನ ಪ್ರೀತಿ ಒಂದು ಕಾರಣ. ಇನ್ನೊಂದು ಕಾರಣ ಕೈಯಲ್ಲಿರುವ ಹಣ.

ಈ ಉದ್ಯಮಿಗಳ ಬಗ್ಗೆ ಬರುವ ಸುದ್ದಿಗಳಿಗೆ ಒಂದು ಸಿದ್ಧ ಅಚ್ಚಿದೆ: ಅಜ್ಜಿಯ ಮದ್ದು, ಅಡುಗೆಮನೆಯ ಒಲೆ, ಇನ್‌ಸ್ಟಾಗ್ರಾಮ್ ಪುಟ, ಆಮೇಲೆ ಒಂದು ಪ್ರಶಸ್ತಿ. ಅಚ್ಚಿನಲ್ಲಿ ಸುಳ್ಳೇನೂ ಇಲ್ಲ. ಆದರೆ ಡಬ್ಬಿ ಎಲ್ಲಿಂದ ಬಂತು, ಸಾಲದ ಬಡ್ಡಿ ಎಷ್ಟು, ಅಂಗಡಿಯವನು ಹಣ ಕೊಟ್ಟದ್ದು ಎಷ್ಟು ತಿಂಗಳ ಮೇಲೆ ಎಂಬುದು ಅಲ್ಲಿ ಇರುವುದಿಲ್ಲ. ಕಚ್ಚಾವಸ್ತು, ಅದನ್ನು ಬಳಸುವ ಜ್ಞಾನ, ಎರಡೂ ಆಫ್ರಿಕಾದಲ್ಲಿ ಎಂದೂ ಕಡಿಮೆಯಿರಲಿಲ್ಲ. ಕಡಿಮೆಯಿರುವುದು ಹಣ ಹಾಕಿ ಕಾಯುವ ಶಕ್ತಿ. ಬೀಜ ಹೆಕ್ಕುವ ಹೆಂಗಸಿನಿಂದ ಹಿಡಿದು ಅಕ್ರಾ, ಲಾಗೋಸ್‌ನ ಯುವ ಉದ್ಯಮಿಯವರೆಗೆ ಈ ಸರಪಳಿಯಲ್ಲಿ ಕಾಯಬಲ್ಲವರಿಗೆ ಲಾಭ, ಕಾಯಲಾರದವರಿಗೆ ಕೂಲಿ. ಹೀಗಿರುವಾಗ ಪಶ್ಚಿಮ ಆಫ್ರಿಕಾದ ಸರ್ಕಾರಗಳು ಈಚೆಗೆ ಹಿಡಿದಿರುವ ಮದ್ದು, ಅಂದರೆ ಕಚ್ಚಾ ಶಿಯಾ ಬೀಜದ ರಫ್ತಿಗೆ ತಡೆ, ಮಾತ್ರ ಬೇರೆ ರೋಗದ್ದು ಎಂದು ನನ್ನ ಅನುಮಾನ.

ಮೊದಲು ಮರವನ್ನು ನೋಡೋಣ. ಶಿಯಾ ನಮ್ಮ ಹಿಪ್ಪೆ ಮತ್ತು ಸಪೋಟದ ಕುಟುಂಬಕ್ಕೆ ಸೇರಿದ ಮರ. ಹಣ್ಣಿನ ತಿರುಳು ಸಿಹಿ. ಒಳಗಿನ ಬೀಜ ಸಪೋಟ ಬೀಜದ ಹಾಗೆಯೇ ಕಂದು, ನುಣುಪು, ಹೊಳಪು, ಗಾತ್ರ ಮಾತ್ರ ಎಷ್ಟೋ ದೊಡ್ಡದು. ಸಹಾರಾ ಮರುಭೂಮಿಯ ದಕ್ಷಿಣಕ್ಕೆ ಸೆನೆಗಲ್‌ನಿಂದ ಉಗಾಂಡ, ಇಥಿಯೋಪಿಯಾದವರೆಗೆ ಹಬ್ಬಿದ ಒಣ ಬಯಲಿನ ಪಟ್ಟಿಯಲ್ಲಿ ಇದು ತಾನಾಗಿಯೇ ಬೆಳೆಯುತ್ತದೆ. ತೋಟ ಹಾಕಿ ಬೆಳೆಸುವವರು ಅಪರೂಪ, ಏಕೆಂದರೆ ಮೊದಲ ಫಲಕ್ಕೇ 15ರಿಂದ 20 ವರ್ಷ ಬೇಕು. ರೈತರು ಹೊಲ ಹಸನು ಮಾಡುವಾಗ ಬೇರೆ ಮರ ಕಡಿದು ಇದನ್ನು ಉಳಿಸಿಕೊಂಡು ಬಂದದ್ದರಿಂದ ಜೋಳ, ಸಜ್ಜೆಯ ನಡುನಡುವೆ ಶಿಯಾ ನಿಂತಿದೆ. 1796ರಲ್ಲಿ ನೈಜರ್ ನದಿಯ ಹುಡುಕಾಟದಲ್ಲಿ ಬಂದ ಸ್ಕಾಟ್ಲೆಂಡಿನ ಮಂಗೊ ಪಾರ್ಕ್ ಈ ಬೆಣ್ಣೆಯನ್ನು ತಿಂದು ನೋಡಿ, ಉಪ್ಪು ಹಾಕದೆಯೂ ವರ್ಷವಿಡೀ ಕೆಡದೆ ಉಳಿಯುತ್ತದೆ, ಹಸುವಿನ ಬೆಣ್ಣೆಗಿಂತ ಬಿಳುಪು, ರುಚಿಯೂ ಹೆಚ್ಚು ಎಂದು ಬರೆದಿಟ್ಟ. ಆಗಲೇ ಅದು ಒಳನಾಡಿನ ಮುಖ್ಯ ವ್ಯಾಪಾರದ ಸರಕಾಗಿತ್ತು. ಯುರೋಪಿನ ಸೌಂದರ್ಯ ಕಂಪನಿಗಳು ‘ಕಂಡುಹಿಡಿಯುವುದಕ್ಕೆ’ ಇನ್ನೂ ಸುಮಾರು ಎರಡು ಶತಮಾನ ಬಾಕಿ ಇತ್ತು.

ಹಣ್ಣು ಉದುರುವುದು ಮಳೆಗಾಲದ ಆರಂಭದಲ್ಲಿ, ಸರಿಸುಮಾರು ಮೇ ತಿಂಗಳಿಂದ ಆಗಸ್ಟ್‌ವರೆಗೆ. ಹೆಕ್ಕುವುದು ಹೆಂಗಸರ ಕೆಲಸ. ಬೆಳಕು ಹರಿಯುವ ಮೊದಲೇ ಹೊರಟು ಹಾವು ಚೇಳುಗಳ ನಡುವೆ ಬುಟ್ಟಿ ತುಂಬಬೇಕು. ಅದೇ ಹೊತ್ತಿಗೆ ಹೊಲದ ಬಿತ್ತನೆಯೂ ನಡೆದಿರುತ್ತದೆ. ತಂದ ಬೀಜವನ್ನು ಬೇಯಿಸಿ, ಒಣಗಿಸಿ, ಸಿಪ್ಪೆ ಒಡೆದು ತಿರುಳು ತೆಗೆಯಬೇಕು. ಬೆಣ್ಣೆ ಮಾಡುವುದಾದರೆ ತಿರುಳನ್ನು ಜಜ್ಜಿ, ಹುರಿದು, ನುಣ್ಣಗೆ ಬೀಸಿ, ಆ ಕಂದು ಹಿಟ್ಟಿಗೆ ನೀರು ಬೆರೆಸುತ್ತಾ ದೊಡ್ಡ ಬೋಗುಣಿಯಲ್ಲಿ ಕೈಯಿಂದಲೇ ಕಡೆಯಬೇಕು. ತುಂಬಾ ಹೊತ್ತಿನ ಮೇಲೆ ಬಿಳಿ ನೊರೆಯ ಹಾಗೆ ಜಿಡ್ಡು ಮೇಲೇಳುತ್ತದೆ. ಅದನ್ನು ತೊಳೆದು, ಕಾಯಿಸಿ, ಸೋಸಿ, ಆರಲು ಬಿಟ್ಟರೆ ಬೆಣ್ಣೆ. ಒಂದು ಕಿಲೋ ಬೆಣ್ಣೆಗೆ ಮೂರು ನಾಲ್ಕು ಕಿಲೋ ತಿರುಳು ಹೋಗುತ್ತದೆ. ಸೌದೆ ಮತ್ತು ನೀರು ಹೊತ್ತು ತಂದದ್ದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇಲ್ಲಿಯ ಮುಖ್ಯ ಸಂಗತಿ ತಿಂಗಳಿನದು. ಶಿಯಾ ಉದುರುವ ಕಾಲವೇ ಕಣಜ ಬರಿದಾಗಿರುವ ಕಾಲ. ಹಿಂದಿನ ವರ್ಷದ ಧಾನ್ಯ ಮುಗಿದಿದೆ, ಹೊಸತು ಬಂದಿಲ್ಲ. ಒಣ ತಿರುಳನ್ನು ಚೆನ್ನಾಗಿ ಶೇಖರಿಸಿದರೆ ತಿಂಗಳುಗಟ್ಟಲೆ ಇಡಬಹುದು, ಸುಗ್ಗಿ ಕಳೆದ ಮೇಲೆ ಬೆಲೆಯೂ ಏರುತ್ತದೆ. ಆದರೆ ಮಕ್ಕಳ ಊಟ ಡಿಸೆಂಬರ್‌ವರೆಗೆ ಕಾಯುವುದಿಲ್ಲ. ಹಾಗಾಗಿ ಹಳ್ಳಿಗೆ ಬಂದ ದಲ್ಲಾಳಿ ಕೇಳಿದ ಬೆಲೆಗೆ ಮೂಟೆ ಹೋಗುತ್ತದೆ. ಮುಂದೆ ಅಕ್ರಾದ ಉದ್ಯಮಿಗೆ ಆಗುವುದೂ ಇದೇ. ಮೊತ್ತ ದೊಡ್ಡದು, ಅಷ್ಟೇ ವ್ಯತ್ಯಾಸ.

ಮೂಟೆ ಹೋಗುವುದು ಎಲ್ಲಿಗೆ? ಕ್ರೀಮಿನ ಕಾರ್ಖಾನೆಗೆ ಎಂದುಕೊಂಡರೆ ತಪ್ಪು. ಹೊರದೇಶಕ್ಕೆ ಹೋಗುವ ಶಿಯಾದ ಸುಮಾರು ಹತ್ತರಲ್ಲಿ ಒಂಬತ್ತು ಪಾಲು ಸೇರುವುದು ಆಹಾರೋದ್ಯಮಕ್ಕೆ, ಅದರಲ್ಲೂ ಚಾಕೊಲೇಟಿಗೆ. ಶಿಯಾ ಕೊಬ್ಬಿನ ಗಟ್ಟಿ ಭಾಗವನ್ನು ಬೇರ್ಪಡಿಸಿದರೆ ಅದು ಕೊಕೊ ಬೆಣ್ಣೆಯ ಜಾಗದಲ್ಲಿ ಕುಳಿತುಕೊಳ್ಳಬಲ್ಲದು, ಬೆಲೆ ಕಡಿಮೆ. ಯುರೋಪಿಯನ್ ಒಕ್ಕೂಟ 2000ದಲ್ಲಿ ಮಾಡಿದ ನಿಯಮ ಚಾಕೊಲೇಟಿನಲ್ಲಿ ಶೇ 5ರವರೆಗೆ ಕೊಕೊ ಅಲ್ಲದ ಸಸ್ಯಜನ್ಯ ಕೊಬ್ಬು ಸೇರಿಸಲು ಒಪ್ಪಿತು ಮತ್ತು ಅದಕ್ಕೆ ಆರೇ ಆರು ಸಸ್ಯಗಳನ್ನು ಹೆಸರಿಸಿತು. ಶಿಯಾದ ಜೊತೆಗೆ ಆ ಪಟ್ಟಿಯಲ್ಲಿ ಮಾವಿನ ಗೊರಟು ಇದೆ, ಸಾಲ ಮರದ ಬೀಜವಿದೆ, ಉತ್ತರ ಕನ್ನಡದ ಮನೆಗಳಲ್ಲಿ ಹಿಮ್ಮಡಿ ಒಡೆದರೆ ಹಚ್ಚುವ ತುಪ್ಪ ಕೊಡುವ ನಮ್ಮ ಮುರುಗಲು ಕೂಡ ಇದೆ. ಮುರುಗಲು ಆ ಪಟ್ಟಿಯಲ್ಲಿ ಹೆಸರಾಗಿಯೇ ಉಳಿಯಿತು. ಶಿಯಾಕ್ಕೆ ಮಾತ್ರ ಅದು ದೊಡ್ಡ ಮಾರುಕಟ್ಟೆಯ ಬಾಗಿಲಾಯಿತು. ಸ್ವೀಡನ್, ಡೆನ್ಮಾರ್ಕ್ ಮೂಲದ ಎಎಕೆ, ಅಮೆರಿಕದ ಬಂಗೆ, ಜಪಾನಿನ ಫುಜಿ ಆಯಿಲ್‌ನಂಥ ಕೆಲವೇ ಕಂಪನಿಗಳು ಇಂದು ಶಿಯಾ ಬೆಳೆಯುವ ಇಡೀ ಬಯಲಿನ ದೊಡ್ಡ ಖರೀದಿದಾರರು.

ಇದರ ಪರಿಣಾಮವನ್ನು ಸೌಂದರ್ಯೋದ್ಯಮಿ ತನ್ನ ಲೆಕ್ಕಪುಸ್ತಕದಲ್ಲಿ ಕಾಣುತ್ತಾನೆ. ಅವನ ಕಚ್ಚಾವಸ್ತುವಿನ ಬೆಲೆ ನಿರ್ಧಾರವಾಗುವುದು ಅವನಿಗೆ ಸಂಬಂಧವೇ ಇಲ್ಲದ ಕೊಕೊ ಪೇಟೆಯಲ್ಲಿ. 2024ರಲ್ಲಿ ಪಶ್ಚಿಮ ಆಫ್ರಿಕಾದ ಕೊಕೊ ಬೆಳೆ ಕೈಕೊಟ್ಟು ದರ ವರ್ಷದ ಕೊನೆಗೆ ಟನ್ನಿಗೆ 12,000 ಡಾಲರ್ ದಾಟಿದಾಗ ಬದಲಿ ಕೊಬ್ಬಿಗೂ ಬೇಡಿಕೆ ಏರಿತು, ಶಿಯಾ ಬೀಜವೂ ತುಟ್ಟಿಯಾಯಿತು. ಹೆಕ್ಕುವವರಿಗೆ ಅಷ್ಟಾದರೂ ಒಳ್ಳೆಯದೇ. ಆದರೆ ಒಂದು ಡಬ್ಬಿಯ ಬೆಲೆಯನ್ನು ಆರು ತಿಂಗಳ ಹಿಂದೆಯೇ ಅಂಗಡಿಗೆ ಒಪ್ಪಿಕೊಂಡ ಚಿಕ್ಕ ತಯಾರಕರ ಗತಿ?

ಆಫ್ರಿಕಾದ ಹುಡುಗನೊಬ್ಬ ಶಿಯಾದಿಂದ ದೊಡ್ಡ ಸಾಮ್ರಾಜ್ಯ ಕಟ್ಟಿದ ಉದಾಹರಣೆ ಇಲ್ಲವೆಂದಲ್ಲ. ಲೈಬೀರಿಯಾದ ರಿಚಲ್ಯೂ ಡೆನಿಸ್ 1991ರಲ್ಲಿ ಅಮೆರಿಕದ ಬ್ಯಾಬ್ಸನ್ ಕಾಲೇಜಿನಲ್ಲಿ ಓದು ಮುಗಿಸಿದಾಗ ಊರಿನಲ್ಲಿ ಅಂತರ್ಯುದ್ಧ ಹತ್ತಿ ಉರಿಯುತ್ತಿತ್ತು. ಹಿಂದಿರುಗುವಂತಿರಲಿಲ್ಲ. ತಾಯಿ ಮೇರಿ ಡೆನಿಸ್ ಮತ್ತು ಗೆಳೆಯ ನೈಮಾ ಟಬ್‌ಮನ್ ಜೊತೆ ಸೇರಿ ನ್ಯೂಯಾರ್ಕಿನಲ್ಲಿ ಶಿಯಾ ಬೆಣ್ಣೆ ಮತ್ತು ಕಪ್ಪು ಸಾಬೂನನ್ನು ಬೀದಿಯಲ್ಲಿಟ್ಟು ಮಾರಿದರು. ಸಿಯೆರಾ ಲಿಯೋನ್‌ನಲ್ಲಿ ಅಜ್ಜಿ ಸೋಫಿ ಟಕರ್ ಮಾರುತ್ತಿದ್ದದ್ದೂ ಇವೇ. ಅದು ‘ಶಿಯಾ ಮಾಯಿಶ್ಚರ್’ ಆಗಿ ಬೆಳೆದು, 2017ರಲ್ಲಿ ಅವರ ಸಂಡಿಯಲ್ ಕಂಪನಿಯನ್ನು ಯುನಿಲಿವರ್ ಕೊಂಡುಕೊಂಡಿತು. ದಕ್ಷಿಣ ಏಷ್ಯಾದಲ್ಲಿ ದಶಕಗಳ ಕಾಲ ‘ಫೇರ್ ಆ್ಯಂಡ್ ಲವ್ಲಿ’ ಮಾರಿ 2020ರಲ್ಲಿ ಹೆಸರು ಮಾತ್ರ ಬದಲಿಸಿದ ಅದೇ ಯುನಿಲಿವರ್. ಕಪ್ಪು ಮೈಯ ಹೆಮ್ಮೆಯನ್ನೂ ಬಿಳಿ ಮೈಯ ಆಸೆಯನ್ನೂ ಒಂದೇ ಸೂರಿನಡಿ ಮಾರಲು ಬರುತ್ತದೆ ಎಂದಾಯಿತು.

ಡೆನಿಸ್ ಅವರ ದುಡಿಮೆಯನ್ನು ಕಡಿಮೆ ಮಾಡಿ ಹೇಳುತ್ತಿಲ್ಲ. ಆದರೆ ಬೀದಿಯಲ್ಲಿ ಮಾರಿದ್ದು ನ್ಯೂಯಾರ್ಕಿನ ಬೀದಿಯಲ್ಲಿ ಎಂಬುದನ್ನು ಮರೆಯಬಾರದು. ಡಬ್ಬಿ ಮಾಡುವವರು ಪಕ್ಕದ ರಾಜ್ಯದಲ್ಲಿದ್ದರು, ಕೊಳ್ಳುವವರ ಕೈಯಲ್ಲಿ ಡಾಲರ್ ಇತ್ತು, ವಿದ್ಯುತ್ ಹೋಗುತ್ತಿರಲಿಲ್ಲ, ಮತ್ತು ಆ ಹಾದಿಗೆ 26 ವರ್ಷ ಹಿಡಿಯಿತು. ಯುದ್ಧ ಅವರನ್ನು ಲೈಬೀರಿಯಾದ ರಾಜಧಾನಿ ಮನ್ರೋವಿಯಾಕ್ಕೆ ಮರಳದಂತೆ ತಡೆದದ್ದು ಅವರ ವ್ಯಾಪಾರಕ್ಕೆ ಒದಗಿದ ಕಹಿಯಾದ ಅನುಕೂಲವಾಯಿತು.

ಅಕ್ರಾದಲ್ಲೋ ಲಾಗೋಸ್‌ನಲ್ಲೋ ಕುಳಿತು ಅದೇ ಕೆಲಸ ಮಾಡುವವರ ಪಾಡು ನೋಡಿ. ಬೆಣ್ಣೆ ಊರಿನದು. ಡಬ್ಬಿ, ಪಂಪು, ಮುಚ್ಚಳಗಳಲ್ಲಿ ಬಹಳಷ್ಟು ಚೀನಾದಿಂದ ಬರಬೇಕು, ಅಲ್ಲಿಯ ಕಾರ್ಖಾನೆ ನೂರಿನ್ನೂರು ಡಬ್ಬಿಗೆ ಆರ್ಡರ್ ತೆಗೆದುಕೊಳ್ಳುವುದಿಲ್ಲ. ಸಾವಿರಗಳಲ್ಲಿ ಕೊಳ್ಳಬೇಕು, ಮುಂಗಡ ಕೊಡಬೇಕು, ಹಡಗಿಗೆ ಕಾಯಬೇಕು, ಬಂದರಿನಲ್ಲಿ ಸುಂಕ ಕಟ್ಟಬೇಕು. ಕೊಡುವುದು ಡಾಲರಿನಲ್ಲಿ, ಗಳಿಸುವುದು ಘಾನಾದ ಸೆಡಿ ಅಥವಾ ನೈಜೀರಿಯಾದ ನೈರಾದಲ್ಲಿ. ನೈಜೀರಿಯಾ 2023ರ ಜೂನ್‌ನಲ್ಲಿ ತನ್ನ ನಾಣ್ಯದ ಮೇಲಿನ ಹಿಡಿತ ಸಡಿಲಿಸಿದಾಗ ಡಾಲರಿಗೆ 460ರ ಆಸುಪಾಸಿನಲ್ಲಿದ್ದ ನೈರಾ ಮರುವರ್ಷದ ಮೊದಲ ತಿಂಗಳುಗಳಲ್ಲೇ 1,500ರ ಹತ್ತಿರ ಬಂತು. ಬೆಣ್ಣೆಯ ಬೆಲೆ ಅಷ್ಟೇ ಇದ್ದರೂ ಅದನ್ನು ತುಂಬುವ ಡಬ್ಬಿ ಮೂರು ಪಟ್ಟು ದುಬಾರಿ. ಘಾನಾದಲ್ಲಿ 2022ರ ಡಿಸೆಂಬರ್‌ನಲ್ಲಿ ಹಣದುಬ್ಬರ ಶೇ 54 ಮುಟ್ಟಿತ್ತು. ಮರುವರ್ಷ ಕೇಂದ್ರ ಬ್ಯಾಂಕಿನ ಬಡ್ಡಿಯೇ ಶೇ 30. ಇನ್ನು ಸಣ್ಣ ಉದ್ಯಮಕ್ಕೆ ಬ್ಯಾಂಕ್ ಹೇಳುವ ಬಡ್ಡಿಯನ್ನು ಊಹಿಸಿಕೊಳ್ಳಬಹುದು. ಅಂಥ ಬಡ್ಡಿಗೆ ಸಾಲ ತಂದು, ಸುಗ್ಗಿಯಲ್ಲಿ ವರ್ಷದ ಬೆಣ್ಣೆ ಕೊಂಡು, ಡಬ್ಬಿ ಬರುವವರೆಗೆ ಕಾದು, ತಯಾರಿಸಿ, ಸೂಪರ್‌ಮಾರ್ಕೆಟ್ಟಿಗೆ ಉದ್ದರಿಯಲ್ಲಿ ಕೊಟ್ಟು, ಅದು ಹಣ ಕೊಡುವವರೆಗೆ ಮತ್ತೆ ಕಾಯುವುದು ಯಾವ ಧೈರ್ಯವಂತನಿಗೂ ಕಷ್ಟ. ಆದ್ದರಿಂದಲೇ ಇವರಲ್ಲಿ ಹಲವರು ತಮ್ಮ ಉಳಿತಾಯ, ಮನೆಯವರ ಹಣ, ಸ್ಪರ್ಧೆಗಳ ಬಹುಮಾನದ ಮೇಲೆ ನಡೆಯುತ್ತಾರೆ. ಪತ್ರಿಕೆಗಳು ಪ್ರಶಸ್ತಿಯೆಂದು ಬರೆಯುವುದು ಎಷ್ಟೋ ವೇಳೆ ಇವರ ದುಡಿಯುವ ಬಂಡವಾಳ.

ಹೊರದೇಶಕ್ಕೆ ಮಾರಿದರೆ ಡಾಲರ್ ಸಿಗುತ್ತದಲ್ಲ ಎನ್ನಬಹುದು. ಅಲ್ಲಿ ಕಾಗದಪತ್ರದ ಗೋಡೆ ಇದೆ. ಯುರೋಪಿನ 2009ರ ಸೌಂದರ್ಯವರ್ಧಕ ನಿಯಮದ ಪ್ರಕಾರ ಪ್ರತಿಯೊಂದು ಉತ್ಪನ್ನಕ್ಕೂ ಅರ್ಹ ತಜ್ಞರಿಂದ ಸುರಕ್ಷತಾ ವರದಿ ಬೇಕು, ಒಕ್ಕೂಟದೊಳಗೇ ಇರುವ ಒಬ್ಬ ಹೊಣೆಗಾರ ವ್ಯಕ್ತಿ ಅಥವಾ ಸಂಸ್ಥೆ ಬೇಕು, ಪೇಟೆಗೆ ಬಿಡುವ ಮೊದಲೇ ನೋಂದಣಿ ಬೇಕು. ನಿಯಮ ಕೆಟ್ಟದ್ದೇನಲ್ಲ, ಚರ್ಮದ ವಿಷಯದಲ್ಲಿ ಇಂಥ ಕಟ್ಟುನಿಟ್ಟು ನಮಗೂ ಬೇಕು. ಆದರೆ ಲಕ್ಷ ಡಬ್ಬಿ ಮಾಡುವವರಿಗೂ ಐನೂರು ಡಬ್ಬಿ ಮಾಡುವವರಿಗೂ ವರದಿಯ ಖರ್ಚು ಹೆಚ್ಚುಕಡಿಮೆ ಒಂದೇ. ಸೌದೆಯ ಹೊಗೆ ಹಿಡಿದ ಬೆಣ್ಣೆ, ಸರಿಯಾಗಿ ಒಣಗದ ಬೀಜದಿಂದ ಬಂದ ಕಮಟು ಬೆಣ್ಣೆ ಪರೀಕ್ಷೆಯಲ್ಲಿ ಸೋಲುತ್ತದೆ. ಹೀಗೆ ಹಳ್ಳಿಯ ಅಂಗಳದಲ್ಲಿ ಆದ ಒಂದು ದಿನದ ಅವಸರ ಪ್ಯಾರಿಸ್‌ನ ಪ್ರಯೋಗಾಲಯದಲ್ಲಿ ಸಿಕ್ಕಿಬೀಳುತ್ತದೆ. ನೆರೆಯ ದೇಶಕ್ಕೆ ಮಾರುವುದು ಇನ್ನೂ ವಿಚಿತ್ರ. ಆಫ್ರಿಕಾ ಖಂಡದ ಮುಕ್ತ ವ್ಯಾಪಾರ ಒಪ್ಪಂದದಡಿ 2021ರ ಜನವರಿಯಲ್ಲಿ ವಹಿವಾಟು ಶುರುವಾಯಿತು, ಅದರ ಕಾರ್ಯಾಲಯ ಇರುವುದೂ ಅಕ್ರಾದಲ್ಲೇ. ಆದರೂ ಘಾನಾದ ನಿಯಂತ್ರಕರು ಒಪ್ಪಿದ ಕ್ರೀಮನ್ನು ನೈಜೀರಿಯಾದಲ್ಲಿ ಮಾರಬೇಕಾದರೆ ಅಲ್ಲಿಯ ನಿಯಂತ್ರಣ ಸಂಸ್ಥೆ ‘ನಾಫ್‌ಡ್ಯಾಕ್’ ಮುಂದೆ ಮತ್ತೆ ಮೊದಲಿನಿಂದ ಕಡತ ಇಡಬೇಕು.

ಈ ಎಲ್ಲದರ ನಡುವೆ ಸರ್ಕಾರಗಳು ಮಾಡಿದ್ದೇನು? ಬೀಜ ಹೊರಹೋಗುವುದನ್ನು ತಡೆದವು. ಬುರ್ಕಿನಾ ಫಾಸೊ, ಮಾಲಿ 2024ರಲ್ಲಿ ಕಚ್ಚಾ ಶಿಯಾ ರಫ್ತಿಗೆ ತಡೆ ಹಾಕಿದವು. 2025ರ ಆಗಸ್ಟ್‌ನಲ್ಲಿ ನೈಜೀರಿಯಾ ಆರು ತಿಂಗಳ ನಿಷೇಧ ಘೋಷಿಸಿತು. ಉಪಾಧ್ಯಕ್ಷ ಕಾಶಿಂ ಶೆಟ್ಟಿಮಾ ಅಂದು ಕೊಟ್ಟ ಅಂಕಿಗಳು ಯಾರನ್ನಾದರೂ ಕೆರಳಿಸುವಂಥವು: ಜಗತ್ತಿನ ಶಿಯಾದಲ್ಲಿ ಸುಮಾರು ಶೇ 40 ಬೆಳೆಯುವ ದೇಶಕ್ಕೆ 650 ಕೋಟಿ ಡಾಲರಿನ ಮಾರುಕಟ್ಟೆಯಲ್ಲಿ ಸಿಗುವ ಪಾಲು ಶೇ 1. ದೇಶದೊಳಗಿನ ಶಿಯಾ ಗಿರಣಿಗಳು ಬೀಜ ಸಾಲದೆ ಅರ್ಧ ಸಾಮರ್ಥ್ಯಕ್ಕಿಂತ ಕಡಿಮೆಯಲ್ಲಿ ಓಡುತ್ತಿವೆ ಎಂಬುದೂ ಸರ್ಕಾರದ ವಾದ.

ಸಿಟ್ಟು ನ್ಯಾಯವಾದದ್ದು. ಮದ್ದು ಹಿಡಿಯುತ್ತದೆಯೇ ಎಂಬುದು ಬೇರೆ ಪ್ರಶ್ನೆ. ಕೊಳ್ಳುವವರಲ್ಲಿ ಅರ್ಧ ಜನ ಒಂದೇ ದಿನ ಪೇಟೆಯಿಂದ ಎದ್ದುಹೋದರೆ ಉಳಿದವರು ಹೇಳಿದ್ದೇ ಬೆಲೆ. ನಿಷೇಧದ ಬೆನ್ನಿಗೇ ನೈಜೀರಿಯಾದ ಪೇಟೆಗಳಲ್ಲಿ ಬೀಜದ ದರ ಕುಸಿಯಿತು, ಅದೂ ಹೆಂಗಸರ ಕೈಗೆ ವರ್ಷದ ಹಣ ಬರುವ ಹೊತ್ತಿನಲ್ಲಿ. ಗಡಿಗಳು ಸೋರುವಂಥವಾದ್ದರಿಂದ ಒಂದಷ್ಟು ಮೂಟೆ ರಾತ್ರಿ ದಾರಿ ಹಿಡಿಯುವುದೂ ಖಚಿತ. ಇನ್ನೊಂದು ಗೊಂದಲವನ್ನು ಯಾರೂ ಬಿಡಿಸಿ ಹೇಳುತ್ತಿಲ್ಲ. ಬೀಜ ಹಿಂಡಿ ಟ್ಯಾಂಕರಿನಲ್ಲಿ ಕಚ್ಚಾ ಬೆಣ್ಣೆ ಕಳಿಸುವುದು ಒಂದು ಉದ್ಯಮ. ಆ ಬೆಣ್ಣೆಯಿಂದ ಹೆಸರುಳ್ಳ ಡಬ್ಬಿ ಮಾಡಿ ಮಾರುವುದು ಪೂರ್ತಿ ಬೇರೆ ಉದ್ಯಮ. ನಿಷೇಧದಿಂದ ಲಾಭವಾದರೆ ಆಗುವುದು ಮೊದಲನೆಯದಕ್ಕೆ. ಅಮೊಆಬೆಂಗ್‌ರಂಥವರಿಗೆ ವರ್ಷಕ್ಕೆ ಬೇಕಾಗುವ ಬೆಣ್ಣೆ ಗಿರಣಿಯ ಒಂದು ದಿನದ ಉಳಿಕೆಗೂ ಸಮವಲ್ಲ. ಅವರಿಗೆ ಬೀಜದ ಕೊರತೆ ಯಾವತ್ತೂ ಇರಲಿಲ್ಲ.

ಕಚ್ಚಾವಸ್ತು ಗಡಿ ದಾಟದೆ ಉಳಿದದ್ದು ಒಂದು ಉದ್ಯಮಕ್ಕೆ ಕಾರಣವಾದ ನಿದರ್ಶನ ನಮ್ಮ ಹಳೆಯ ಮೈಸೂರು ಸಂಸ್ಥಾನದಲ್ಲೇ ಇದೆ. ಮೊದಲ ಮಹಾಯುದ್ಧದಲ್ಲಿ ಯುರೋಪಿಗೆ ಹೋಗಬೇಕಿದ್ದ ಗಂಧದ ಮರ ಕೊಳ್ಳುವವರಿಲ್ಲದೆ ರಾಶಿ ಬಿದ್ದಿತ್ತು. 1916ರಲ್ಲಿ ಗಂಧದೆಣ್ಣೆಯ ಕಾರ್ಖಾನೆ, 1918ರಲ್ಲಿ ಸಾಬೂನು. ಆದರೆ ಮರ ಉಳಿದ ಮಾತ್ರಕ್ಕೆ ಸಾಬೂನು ಆಗಲಿಲ್ಲ. ಎಣ್ಣೆ ಬಟ್ಟಿ ಇಳಿಸುವ ಕ್ರಮವನ್ನು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರಸಾಯನಶಾಸ್ತ್ರಜ್ಞರು ರೂಢಿಸಿಕೊಟ್ಟರು, ಸಾಬೂನಿನ ವಿದ್ಯೆ ಕಲಿತು ಬರಲು ಎಸ್.ಜಿ. ಶಾಸ್ತ್ರಿಯವರನ್ನು ಇಂಗ್ಲೆಂಡಿಗೆ ಕಳಿಸಲಾಯಿತು, ದಿವಾನ್ ವಿಶ್ವೇಶ್ವರಯ್ಯನವರ ಸರ್ಕಾರ ಹಣ ಹಾಕಿ ಫಲಕ್ಕೆ ಕಾದಿತು. ಗಂಧದ ಮರದ ಒಡೆತನವೂ ಸರ್ಕಾರದ್ದೇ ಆಗಿದ್ದರಿಂದ ಹಳ್ಳಿಯ ಹೆಂಗಸಿನ ಊಟಕ್ಕೆ ಅಲ್ಲಿ ಕತ್ತರಿ ಬೀಳಲಿಲ್ಲ. ನೈಜೀರಿಯಾದ ರಾಜಧಾನಿ ಅಬುಜಾದ ಆದೇಶದಲ್ಲಿ ತಡೆ ಇದೆ. ಪ್ರಯೋಗಾಲಯ, ತರಬೇತಿ, ಕಾಯುವ ಹಣ ಎಲ್ಲಿದೆ ಎಂದು ಕೇಳಬೇಕಾದದ್ದು ಅದಕ್ಕೇ.

ಶಿಯಾದ ತೊಡಕುಗಳನ್ನು ಬಳಸಿ ದಾಟಿದ ಒಬ್ಬ ಯುವಕನ ದಾರಿ ನಮಗೆ ವಿಶೇಷವಾಗಿ ಹತ್ತಿರದ್ದು, ಏಕೆಂದರೆ ಅವನು ಆರಿಸಿಕೊಂಡದ್ದು ನುಗ್ಗೆ. ಘಾನಾದಲ್ಲಿ ಹುಟ್ಟಿ ಬಾಲ್ಯದಲ್ಲೇ ಅಮೆರಿಕಕ್ಕೆ ಹೋದ ಕ್ವಾಮಿ ವಿಲಿಯಮ್ಸ್ ಅಲ್ಲಿಯ ಹೆಸರಾಂತ ತಾಂತ್ರಿಕ ವಿದ್ಯಾಸಂಸ್ಥೆ ಎಂಐಟಿಯಲ್ಲಿ ವೈಮಾಂತರಿಕ್ಷ ಎಂಜಿನಿಯರಿಂಗ್ ಓದುತ್ತಿದ್ದಾಗ ಒಂದು ಅಧ್ಯಯನ ಪ್ರವಾಸದಲ್ಲಿ ಹುಟ್ಟಿದ ನಾಡಿಗೆ ಬಂದ. ಅಲ್ಲಿಯ ರೈತರು ಪೌಷ್ಟಿಕ ಎಂಬ ಪ್ರಚಾರ ಕೇಳಿ ನುಗ್ಗೆ ನೆಟ್ಟಿದ್ದರು, ಕೊಳ್ಳುವವರಿರಲಿಲ್ಲ. ಎಮಿಲಿ ಕನಿಂಗ್‌ಹ್ಯಾಮ್ ಜೊತೆ 2013ರಲ್ಲಿ ಅವನು ‘ಮೊರಿಂಗಾ ಕನೆಕ್ಟ್’ ಕಟ್ಟಿದ. ಬೀಜದಿಂದ ಹಿಂಡಿದ ಎಣ್ಣೆ ‘ಟ್ರೂ ಮೊರಿಂಗಾ’ ಹೆಸರಿನಲ್ಲಿ ಮುಖಕ್ಕೆ, ಕೂದಲಿಗೆ ಹಚ್ಚುವ ಸರಕಾಯಿತು. ನಾವು ಸಾರಿಗೆ ಹಾಕಿ ಅಗಿದು ಉಗಿಯುವ ಕಾಯಿ ಬಲಿತರೆ ಅದರ ಬೀಜದಲ್ಲಿ ಬೇಗ ಕಮಟದ, ತೆಳುವಾದ, ಬೆಲೆಬಾಳುವ ಎಣ್ಣೆ ಇದೆ ಎಂಬುದನ್ನು ನಮ್ಮಲ್ಲಿ ಎಷ್ಟು ಜನ ಯೋಚಿಸಿದ್ದಾರೋ! ನುಗ್ಗೆ ಎರಡು ವರ್ಷದೊಳಗೆ ಕಾಯಿ ಬಿಡುತ್ತದೆ, ಹೊಲದಲ್ಲಿ ನೆಟ್ಟು ಬೆಳೆಯಬಹುದು, ಸೊಪ್ಪನ್ನೂ ಮಾರಬಹುದು. ರೈತರಿಗೆ ಬೇಕಾದ ನೆರವು ಕೊಟ್ಟು ಬೆಳೆಯನ್ನು ತಾವೇ ಕೊಳ್ಳುವ ಏರ್ಪಾಡನ್ನು ಕಂಪನಿ ಮಾಡಿಕೊಂಡಿತು. ಚಾಕೊಲೇಟ್ ಕಂಪನಿಗಳ ಕಣ್ಣು ಇಲ್ಲದ ಬೆಳೆಯಾದ್ದರಿಂದ ಬೆಲೆಯ ಮಾತು ರೈತ ಮತ್ತು ಕಂಪನಿಯ ನಡುವೆಯೇ ಮುಗಿಯುತ್ತದೆ. ಆದರೆ ಇಲ್ಲಿಯೂ ಮೊದಲ ಬಂಡವಾಳ, ಮೊದಲ ಗಿರಾಕಿಗಳು ಎರಡಕ್ಕೂ ಎಂಐಟಿಯ ನಂಟು ನೆರವಾಗಿದೆ. ಉತ್ತರ ಘಾನಾದ ಊರು ತಮಾಲೆಯ ಕಾಲೇಜಿನಲ್ಲಿ ಓದಿದ ಅಷ್ಟೇ ಚುರುಕಿನ ಹುಡುಗಿಗೆ ಆ ನಂಟು ಇರುವುದಿಲ್ಲ.

ಇಷ್ಟು ಹೊತ್ತು ರಫ್ತಿನ ಮಾತಾಯಿತು. ಊರಿನ ಗಿರಾಕಿಯೇ ಬಹುಶಃ ಇನ್ನೂ ಕಠಿಣ. ಅಕ್ರಾದ ಮಕೋಲಾ ಮಾರುಕಟ್ಟೆಯಲ್ಲಿ ಶಿಯಾ ಬೆಣ್ಣೆ ಉಂಡೆ ಉಂಡೆಯಾಗಿ, ಹೆಸರಿಲ್ಲದೆ, ಅಗ್ಗಕ್ಕೆ ಸಿಗುತ್ತದೆ. ಘಾನಾದ ಉತ್ತರ ಭಾಗದಲ್ಲಿ ಹುಟ್ಟಿದ ಕೂಸಿಗೆ ಅದನ್ನೇ ನೀವುತ್ತಾರೆ, ಅದರಲ್ಲೇ ಅಡುಗೆಯನ್ನೂ ಮಾಡುತ್ತಾರೆ. ಅಂಥವರಿಗೆ ಅದೇ ಬೆಣ್ಣೆಯನ್ನು ಗಾಜಿನ ಡಬ್ಬಿಯಲ್ಲಿಟ್ಟು ಹಲವು ಪಟ್ಟು ಬೆಲೆಗೆ ಮಾರಬೇಕಾದರೆ ಕೊಡುವುದೇನು? ಪ್ರತಿ ಸಲವೂ ಒಂದೇ ಮೃದುತ್ವ, ಹೊಗೆಯ ವಾಸನೆಯಿಲ್ಲದ ಪರಿಮಳ, ಪರೀಕ್ಷೆಯ ಖಾತರಿ, ಉಡುಗೊರೆ ಕೊಡಬಹುದಾದ ಅಂದ. ಇವನ್ನು ಕೊಡಲಾಗದೆ ಬರೀ ‘ಕೆಮಿಕಲ್ ಇಲ್ಲ’ ಎಂಬ ಚೀಟಿ ಅಂಟಿಸಿದವರು ಗಿರಾಕಿಯನ್ನು ದಡ್ಡರೆಂದು ಭಾವಿಸಿದ್ದಾರೆ. ಶಿಯಾದಲ್ಲಿರುವ ಸ್ಟಿಯರಿಕ್ ಆಮ್ಲ, ಓಲಿಕ್ ಆಮ್ಲಗಳೂ ರಾಸಾಯನಿಕಗಳೇ. ನಿಂಬೆಯ ಎಣ್ಣೆ ಪೂರ್ತಿ ನೈಸರ್ಗಿಕ, ಆದರೆ ಅದನ್ನು ಹಚ್ಚಿಕೊಂಡು ಬಿಸಿಲಿಗೆ ಹೋದರೆ ಚರ್ಮ ಸುಡಬಹುದು. ನೈಸರ್ಗಿಕ ಎಂಬುದಕ್ಕೆ ಬಹಳ ದೇಶಗಳ ಕಾನೂನಿನಲ್ಲಿ ಖಚಿತ ಅರ್ಥವಿಲ್ಲದಿರುವುದು ಪ್ರಾಮಾಣಿಕ ತಯಾರಕರಿಗೇ ಹೆಚ್ಚು ನಷ್ಟ.

ಎದುರಿಗೆ ಬಿಳುಪಿನ ಕ್ರೀಮುಗಳಿವೆ. ಹೈಡ್ರೊಕ್ವಿನೋನ್ ಎಂಬ ವಸ್ತು ಬೆರೆಸಿದ ಇಂಥ ಕ್ರೀಮುಗಳನ್ನು ದಕ್ಷಿಣ ಆಫ್ರಿಕಾ 1990ರಲ್ಲೇ ನಿಷೇಧಿಸಿತು, ಘಾನಾ, ರುವಾಂಡಾ ಕಳೆದ ದಶಕದಲ್ಲಿ ಕ್ರಮ ಕೈಗೊಂಡವು. ಆದರೂ ಮಾರಾಟ ನಿಂತಿಲ್ಲ. ಕೆಲವೇ ವಾರಗಳಲ್ಲಿ ಬಣ್ಣ ಬದಲಿಸುವ ಆಮಿಷದ ಮುಂದೆ ‘ಇದ್ದ ಚರ್ಮ ಒಣಗದಂತೆ ಇರುತ್ತದೆ’ ಎನ್ನುವ ಮಾತು ಸಪ್ಪೆ. ಸ್ವಂತ ಬಣ್ಣದ ಬಗ್ಗೆ ನೆಮ್ಮದಿಯಿಂದಿರುವ ಗಿರಾಕಿ ಬೆಳೆಯುವುದಕ್ಕೂ ಈ ಉದ್ಯಮಿಗಳು ಕಾಯಬೇಕು. ಕೆಲವರು ತಮ್ಮ ಜಾಹೀರಾತಿನಲ್ಲಿ ದಟ್ಟ ಕಪ್ಪು ಮುಖಗಳನ್ನೇ ತೋರಿಸಿ ಆ ಕಾಲವನ್ನು ಹತ್ತಿರ ಎಳೆಯುತ್ತಿದ್ದಾರೆ.

ಹಾಗಾದರೆ ಹಳ್ಳಿಯಲ್ಲಿ ಬೀಜ ಹೆಕ್ಕುವವರಿಗೆ ಈ ಚಿಕ್ಕ ಬ್ರ್ಯಾಂಡುಗಳಿಂದ ಏನು ಉಪಯೋಗ? ಪ್ರಮಾಣದಲ್ಲಿ ನೋಡಿದರೆ ಅಷ್ಟಕ್ಕಷ್ಟೆ. ಫ್ರಾನ್ಸಿನ ಲೊಕ್ಸಿಟಾನ್ 1980ರ ದಶಕದಿಂದ ಬುರ್ಕಿನಾ ಫಾಸೊದ ಮಹಿಳಾ ಸಂಘಗಳಿಂದ ಬೆಣ್ಣೆ ಕೊಳ್ಳುತ್ತಿದೆ. ಬ್ರಿಟನ್ನಿನ ಬಾಡಿ ಶಾಪ್ 1994ರಿಂದ ಉತ್ತರ ಘಾನಾದ ತಮಾಲೆಯ ಸುತ್ತಲಿನ ಟುಂಗ್ಟೇಯಾ ಮಹಿಳಾ ಸಂಘದ ಗಿರಾಕಿ. ಅವು ಒಮ್ಮೆಗೆ ಕೊಳ್ಳುವಷ್ಟನ್ನು ಅಕ್ರಾದ ಹತ್ತು ಬ್ರ್ಯಾಂಡು ಸೇರಿದರೂ ವರ್ಷಕ್ಕೆ ಕೊಳ್ಳಲಾರವು. ಆದರೆ 2024ರ ಫೆಬ್ರುವರಿಯಲ್ಲಿ ಬಾಡಿ ಶಾಪ್‌ನ ಬ್ರಿಟಿಷ್ ಕಂಪನಿ ಸಾಲ ತೀರಿಸಲಾಗದೆ ಆಡಳಿತಾಧಿಕಾರಿಗಳ ಕೈಗೆ ಹೋಯಿತು. ಮೂರು ದಶಕ ಒಬ್ಬನೇ ದೊಡ್ಡ ಗಿರಾಕಿಯನ್ನು ನಂಬಿದವರಿಗೆ ಎರಡನೆಯ, ಮೂರನೆಯ ಗಿರಾಕಿಯ ಬೆಲೆ ಏನೆಂದು ತಿಳಿಯಲು ಇಂಥ ಸುದ್ದಿ ಸಾಕು. ಕೇಳಿದರೆ ಒಂದೇ ದಿನದಲ್ಲಿ ಬಸ್ಸು ಹತ್ತಿ ಬರುವ, ಬೆಣ್ಣೆ ಕಮಟಾಗಿದ್ದರೆ ಎದುರೇ ಹೇಳುವ, ಒಳ್ಳೆಯದಾಗಿದ್ದರೆ ಪೇಟೆಯ ದರದ ಮೇಲೆ ಒಂದಿಷ್ಟು ಸೇರಿಸಿ ಕೊಡಬಲ್ಲ ಗಿರಾಕಿ ಅಕ್ರಾದಲ್ಲಿದ್ದಾರೆ. ಆ ದರವನ್ನು ಸುಗ್ಗಿಗೆ ಮೊದಲೇ, ಏಪ್ರಿಲ್‌ನಲ್ಲಿ ಮುಂಗಡವಾಗಿ ಕೊಡುವಷ್ಟು ಸಾಲ ಅವರಿಗೆ ಸಹಿಸಬಹುದಾದ ಬಡ್ಡಿಗೆ ಸಿಕ್ಕರೆ, ಮೂಟೆಯನ್ನು ದಲ್ಲಾಳಿ ಕೇಳಿದ ಬೆಲೆಗೆ ಬಿಡಬೇಕಾದ ಅವಸರ ತಮಾಲೆಯ ಸುತ್ತಲಿನ ಹಳ್ಳಿಗಳಲ್ಲಿ ಅಷ್ಟರಮಟ್ಟಿಗೆ ತಗ್ಗುತ್ತದೆ. ರಫ್ತು ನಿಷೇಧಿಸಲು ಒಂದು ಆದೇಶ ಸಾಕಾಯಿತು. ಈ ಸಾಲಕ್ಕೆ ಸರ್ಕಾರಗಳು ಬಜೆಟ್ಟಿನಲ್ಲಿ ಹಣ ಇಡಬೇಕಾಗುತ್ತದೆ.